ಸತ್ಯಾಂಶ: ವಾರಕ್ಕೆರಡು ದೊಡ್ಡ ಹಡಗುಗಳು ಮುಳುಗುತ್ತವೆಯೇ?

‘ವಾರಕ್ಕೆ ಎರಡು ದೊಡ್ಡ ಹಡಗುಗಳು ರಾಕ್ಷಸ ಅಲೆಗಳಿಗೆ ಸಿಕ್ಕಿ ಮುಳುಗುತ್ತವೆ, ಸುದ್ದಿ ಮುಚ್ಚಿಡುತ್ತಾರೆ’ ಎಂಬ ಸಂದೇಶ ಹರಿದಾಡುತ್ತಿದೆ. ಅದು ನಿಜವಲ್ಲ. ವಿಮಾ ಸಂಸ್ಥೆ ಅಲಿಯಾನ್ಸ್ 2024ರಲ್ಲಿ ಕೊಟ್ಟ ಲೆಕ್ಕದಂತೆ 2023ರಲ್ಲಿ ಜಗತ್ತಿನಾದ್ಯಂತ ಸಂಪೂರ್ಣ ನಷ್ಟವಾದ ದೊಡ್ಡ ಹಡಗುಗಳು 26. ಮೀನುಗಾರಿಕಾ ಹಡಗುಗಳೂ ಬೆಂಕಿಗೆ ಆಹುತಿಯಾದವೂ ಇದರಲ್ಲೇ ಸೇರಿವೆ. 1990ರ ದಶಕದಲ್ಲಿ ಈ ಸಂಖ್ಯೆ ವರ್ಷಕ್ಕೆ 200 ದಾಟುತ್ತಿತ್ತು.

ದೈತ್ಯ ಅಲೆಗಳು ಇರುವುದು ಸತ್ಯ. ಆದರೆ ಹಡಗನ್ನು ಮಗುಚಲು ಒಳಗೆ ಸೇರಿದ ನೀರೂ ಸಾಕು. 1987ರಲ್ಲಿ ಜನರನ್ನೂ ವಾಹನಗಳನ್ನೂ ಸಾಗಿಸುವ ‘ಹೆರಾಲ್ಡ್ ಆಫ್ ಫ್ರೀ ಎಂಟರ್‌ಪ್ರೈಸ್’ ಎಂಬ ಹಡಗು ಮುಂಬಾಗಿಲು ಮುಚ್ಚದೆಯೇ ಬೆಲ್ಜಿಯಂನ ಬಂದರು ಬಿಟ್ಟಿತು. ವಾಹನಗಳ ಅಂತಸ್ತಿಗೆ ನುಗ್ಗಿದ ನೀರು ಒಂದೇ ಬದಿಗೆ ವಾಲಿ, ನಿಮಿಷಗಳಲ್ಲಿ ಹಡಗು ಮಗುಚಿತು. 193 ಜೀವಗಳು ಹೋದವು, ಅದೂ ಶಾಂತ ಸಮುದ್ರದಲ್ಲಿ! ಸರಕು ಹಡಗುಗಳಲ್ಲಿ ಒದ್ದೆ ನಿಕ್ಕಲ್ ಅದಿರು ಇನ್ನೂ ಅಪಾಯಕಾರಿ: ತುಂಬುವಾಗ ಗಟ್ಟಿ ಮಣ್ಣಿನಂತಿದ್ದದ್ದು ಕಡಲಿನ ಕುಲುಕಾಟಕ್ಕೆ ಕೆಸರಾಗಿ ಒಂದು ಕಡೆಗೆ ಹರಿಯುತ್ತದೆ.