ಅಮ್ಮನ ಫೋನಿನ ಪರದೆಯನ್ನು ಮೊದಲ ಸಲ ಸರಿಯಾಗಿ ನೋಡಿದಾಗ

ಊರಿನಲ್ಲಿರುವ ತಂದೆ ತಾಯಿಗೆ ದೂರದಿಂದ ಮೊಬೈಲ್ ಬಳಸಲು ಕಲಿಸುತ್ತಿರುವ ಎಲ್ಲರಿಗೂ ಒಂದು ಮಾತು ಹೇಳಬೇಕಿದೆ. ನಿಮ್ಮ ಫೋನಿನಲ್ಲಿ ವಿಡಿಯೊ ಮಾಡಿ ಅವರಿಗೆ ಕಳಿಸುವ ಮೊದಲು, ಅವರ ಪರದೆಯನ್ನು ರೆಕಾರ್ಡ್ ಮಾಡಿ ನಿಮಗೆ ಕಳಿಸುವುದನ್ನು ಅವರಿಗೆ ಕಲಿಸಿ. ಈ ಕ್ರಮವನ್ನು ನಾನು ತಿರುವುಮುರುವು ಮಾಡಿದ್ದರಿಂದ ಅಮ್ಮನ ಮನಸ್ಸು ನೋಯಿಸಿದೆ. ಅದಕ್ಕೇ ಇಷ್ಟು ಉದ್ದ ಬರೆಯುತ್ತಿದ್ದೇನೆ.

ನಾನಿರುವುದು ಪುಣೆಯಲ್ಲಿ, ಅಮ್ಮ ಶಿರಸಿಯ ಹತ್ತಿರದ ಹಳ್ಳಿಯಲ್ಲಿ. ಅಪ್ಪ ಹೋದ ಮೇಲೆ ತೋಟದ ಕಾಗದಪತ್ರವೆಲ್ಲ ಅವಳ ತಲೆಯ ಮೇಲೆ. ಪ್ರತಿ ಸಲ ಪಹಣಿ ನೋಡಲು ಪೇಟೆಗೆ ಹೋಗಿ ಯಾರನ್ನೋ ಕೇಳುವುದು ಅವಳಿಗೆ ಬೇಕಿರಲಿಲ್ಲ. ಜಮೀನಿನ ದಾಖಲೆಗಳಿರುವ ಸರ್ಕಾರದ ಭೂಮಿ ಜಾಲತಾಣದಲ್ಲಿ ಅದನ್ನು ಮನೆಯಲ್ಲೇ ಕುಳಿತು ನೋಡಬಹುದು ಎಂದು ನಾನೇ ಹೇಳಿದ್ದೆ. ಜಿಲ್ಲೆ, ತಾಲ್ಲೂಕು, ಹೋಬಳಿ, ಗ್ರಾಮ ಆರಿಸಬೇಕು, ಸರ್ವೆ ನಂಬರ್ ಹಾಕಬೇಕು, ಗುಂಡಿ ಒತ್ತಬೇಕು, ಆಮೇಲೆ ಸರ್ವೆ ನಂಬರಿನ ಒಳವಿಭಾಗಗಳಾದ ಸರ್ನೋಕ್, ಹಿಸ್ಸಾ ಆರಿಸಬೇಕು. ನನಗೆ ಎರಡು ನಿಮಿಷದ ಕೆಲಸ. ಅಮ್ಮನಿಗೆ ನಾಲ್ಕು ಸಂಜೆ ಹೋಯಿತು.

"ಈಗ ಏನು ಕಾಣಿಸುತ್ತಿದೆ?" ಎಂದು ನಾನು. "ಏನೂ ಇಲ್ಲ" ಎಂದು ಅವಳು. ಕೊನೆಗೆ ನನ್ನ ಪರದೆಯನ್ನೇ ರೆಕಾರ್ಡ್ ಮಾಡಿ, ಹೆಜ್ಜೆಹೆಜ್ಜೆಗೂ ಮಾತು ಸೇರಿಸಿ, ಮೂರು ನಿಮಿಷದ ವಿಡಿಯೊ ಕಳಿಸಿದೆ. ಅವಳು ಅದನ್ನು ಪದೇ ಪದೇ ನೋಡಿ, "ಪುಟ್ಟಿ, ನಿನ್ನ ಫೋನಿನಲ್ಲಿರುವ ಗುಂಡಿ ನನ್ನ ಫೋನಿನಲ್ಲಿ ಇಲ್ಲ" ಎಂದಳು. "ಇದೆ ಅಮ್ಮ, ಸರಿಯಾಗಿ ನೋಡು" ಎಂದು ನಾನು ದನಿ ಏರಿಸಿದೆ. ಅತ್ತ ಸ್ವಲ್ಪ ಹೊತ್ತು ಮಾತೇ ಇಲ್ಲ. ಆಮೇಲೆ ದನಕ್ಕೆ ಹುಲ್ಲು ಹಾಕಬೇಕೆಂದು ಫೋನ್ ಇಟ್ಟುಬಿಟ್ಟಳು.

ಮರುದಿನ ಅವಳ ಪರದೆಯನ್ನೇ ರೆಕಾರ್ಡ್ ಮಾಡಿಸೋಣ ಎಂದುಕೊಂಡೆ. ಆಂಡ್ರಾಯ್ಡ್ 11, ಅಂದರೆ 2020ರಿಂದ ಈಚೆಗೆ ಈ ಸೌಲಭ್ಯ ಫೋನಿನೊಳಗೇ ಬರುತ್ತಿದೆ. ಬೇರೆ ಆ್ಯಪ್ ಹಾಕಿಕೊಳ್ಳುವ ಅಗತ್ಯವಿಲ್ಲ. ಪರದೆಯ ಮೇಲ್ತುದಿಯಿಂದ ಬೆರಳನ್ನು ಎರಡು ಸಲ ಕೆಳಗೆ ಎಳೆದರೆ ವೈಫೈ, ಟಾರ್ಚ್ ಮುಂತಾದ ಚಿತ್ರಗಳು ಕಾಣುತ್ತವಲ್ಲ, ಅಲ್ಲೇ ಸ್ಕ್ರೀನ್ ರೆಕಾರ್ಡ್ ಎಂಬುದೂ ಇರುತ್ತದೆ. ಅಮ್ಮನ ಫೋನಿನಲ್ಲಿ ಇರಲಿಲ್ಲ. ಅಂಥ ಕಡೆ ಪೆನ್ಸಿಲಿನ ಚಿತ್ರ ಒತ್ತಿ, ಕೆಳಗೆ ಅವಿತಿರುವ ಚಿತ್ರಗಳ ಸಾಲಿನಿಂದ ಅದನ್ನು ಎಳೆದು ಮೇಲೆ ತರಬೇಕು. ಇದನ್ನು ಬರೀ ಮಾತಿನಲ್ಲಿ ಹೇಳಿ ಮಾಡಿಸುವಷ್ಟರಲ್ಲಿ ಇಪ್ಪತ್ತು ನಿಮಿಷ ಕಳೆದಿತ್ತು. ಆದರೂ ಅವಳು ಮಾಡಿದಳು.

ಬಂದ ವಿಡಿಯೊದಲ್ಲಿ ಚಿತ್ರವಿತ್ತು, ದನಿ ಇರಲಿಲ್ಲ. ರೆಕಾರ್ಡಿಂಗ್ ಶುರುವಾಗುವ ಮೊದಲು ಬರುವ ಪುಟ್ಟ ಚೌಕದಲ್ಲಿ ಧ್ವನಿಯ ಆಯ್ಕೆ ಮುಚ್ಚಿಯೇ ಇತ್ತು. ಅದನ್ನು ತೆರೆದರೆ ಮೂರು ದಾರಿಗಳಿವೆ: ಫೋನಿನೊಳಗಿನ ಸದ್ದು, ಮೈಕಿನ ಸದ್ದು, ಎರಡೂ ಒಟ್ಟಿಗೆ. ನಮಗೆ ಬೇಕಿದ್ದುದು ಮೈಕು. ಅದನ್ನು ಆರಿಸಿ ಮತ್ತೆ ಮಾಡಿಸಿದೆ. ಮತ್ತೆ ಮೂಕ ವಿಡಿಯೊ.

ಇಲ್ಲಿ ನಾನು ಬಹಳ ಹೊತ್ತು ತಲೆ ಕೆಡಿಸಿಕೊಂಡೆ. ಕಾರಣ ನಮ್ಮಿಬ್ಬರ ನಡುವೆಯೇ ಇತ್ತು. ಅವಳು ರೆಕಾರ್ಡ್ ಮಾಡುತ್ತಿದ್ದುದು ನನ್ನೊಂದಿಗೆ ಕರೆಯಲ್ಲಿ ಇದ್ದುಕೊಂಡೇ. ಕರೆ ನಡೆಯುತ್ತಿರುವಾಗ ಫೋನು ಮೈಕನ್ನು ಕರೆಗೆ ಮೀಸಲಿಡುತ್ತದೆ, ರೆಕಾರ್ಡ್ ಮಾಡುವ ಆ್ಯಪ್‌ಗೆ ದಕ್ಕುವುದು ಮೌನ ಮಾತ್ರ. ಬೇರೆಯವರ ಮಾತನ್ನು ಕದ್ದು ಕೇಳದಂತೆ ತಡೆಯಲು ಇದು ಒಳ್ಳೆಯ ಏರ್ಪಾಡೇ, ಆದರೆ ಹೀಗಾಗುತ್ತಿದೆ ಎಂದು ಪರದೆಯ ಮೇಲೆ ಒಂದು ಸಾಲೂ ಬರಲಿಲ್ಲ. ದನಿ ಬರುತ್ತಿಲ್ಲ ಎಂದು ನಿಮ್ಮ ಮನೆಯವರು ಹೇಳಿದರೆ ಮೊದಲು ಕೇಳಬೇಕಾದ ಪ್ರಶ್ನೆ ಇದು: ರೆಕಾರ್ಡ್ ಮಾಡುವಾಗ ಕರೆಯಲ್ಲಿದ್ದಿರಾ?

ಕರೆ ಮುಗಿಸಿ, ಅವಳೊಬ್ಬಳೇ ಜಗುಲಿಯ ಮೇಲೆ ಕುಳಿತು ಮೂರನೆಯ ಸಲ ಮಾಡಿದಳು. ಈ ಬಾರಿ ಕೊಟ್ಟಿಗೆಯ ಕರುವಿನ ಕೂಗಿನ ಸಮೇತ ಬಂತು.

ಅಮ್ಮನ ಕಣ್ಣಿಗೆ ಕಾಣುವ ಫೋನನ್ನು ನಾನು ನೋಡಿದ್ದು ಅದೇ ಮೊದಲು. ಅಕ್ಷರಗಳ ಗಾತ್ರ ಅತಿ ದೊಡ್ಡದು, ಹೋದ ವರ್ಷ ನಾನೇ ಇಟ್ಟುಕೊಟ್ಟದ್ದು. ನನ್ನ ಪರದೆಯಲ್ಲಿ ಒಂದೇ ನೋಟಕ್ಕೆ ಸಿಗುವ ಸಾಲುಗಳು ಅವಳ ಪರದೆಯಲ್ಲಿ ಒಂದರ ಕೆಳಗೊಂದು ಜರುಗಿ ಕೂತಿದ್ದವು. ಸರ್ವೆ ನಂಬರ್ ಹಾಕಲು ಮುಟ್ಟಿದೊಡನೆ ಕೀಲಿಮಣೆ ಎದ್ದು ಬಂದು ಅರ್ಧ ಪರದೆ ಮುಚ್ಚಿತು. ಗುಂಡಿ ಆ ಕೀಲಿಮಣೆಯ ಹಿಂದೆ ಇತ್ತು. ಬೆರಳು ಮುಟ್ಟಿದ ಜಾಗ ತೋರಿಸುವ ಆಯ್ಕೆಯನ್ನೂ ತೆರೆಸಿದ್ದೆ. ಹಾಗಾಗಿ ಒಂದು ಬಿಳಿ ಚುಕ್ಕೆ ಪರದೆಯ ಮೇಲೆ ಅತ್ತಿತ್ತ ಓಡಾಡುವುದು ಕಾಣುತ್ತಿತ್ತು. ಚುಕ್ಕೆ ಒಂದು ಖಾಲಿ ಜಾಗವನ್ನು ಮುಟ್ಟಿತು, ಕಾಯಿತು, ಮತ್ತೆ ಮುಟ್ಟಿತು. "ಇಲ್ಲೇ ಇರಬೇಕಿತ್ತಲ್ಲ" ಎಂದು ಅಮ್ಮ ತನಗೆ ತಾನೇ ಹೇಳಿಕೊಂಡದ್ದು ಮೆಲ್ಲಗೆ ಕೇಳಿಸಿತು.

ಅವಳ ಮಟ್ಟಿಗೆ ಅವಳು ಹೇಳಿದ್ದು ನಿಜ. ಅವಳಿಗೆ ಕಾಣುವ ಪರದೆಯಲ್ಲಿ ಆ ಗುಂಡಿ ಇರಲಿಲ್ಲ. ಕೂಡಲೇ ಫೋನ್ ಮಾಡಿ ತಪ್ಪಾಯಿತು ಎಂದೆ, ಕೀಲಿಮಣೆಯನ್ನು ಇಳಿಸುವುದು ಹೇಗೆಂದು ಹೇಳಿದೆ. ಐದು ನಿಮಿಷದಲ್ಲಿ ಪಹಣಿ ತೆರೆದುಕೊಂಡಿತು.

ವಯಸ್ಸಾದವರಿಗೆ ಮೊಬೈಲ್ ತಲೆಗೆ ಹತ್ತುವುದಿಲ್ಲ ಎಂಬ ಮಾತನ್ನು ನಾವು ಎಷ್ಟು ಸಲೀಸಾಗಿ ಆಡುತ್ತೇವೆ! ಅವರ ಪರದೆಯನ್ನು ನೋಡದೆ ಆ ಮಾತು ಆಡುವ ಹಕ್ಕು ನಮಗಿಲ್ಲ. ಫೋನ್ ತಯಾರಿಸುವವರ ಮೇಲೂ ನನಗೆ ಸಿಟ್ಟಿದೆ. ದನಿ ಬೇಕೇ ಎಂಬ ಪ್ರಶ್ನೆಯನ್ನು ಪ್ರತಿ ಸಲವೂ ದೊಡ್ಡ ಅಕ್ಷರದಲ್ಲಿ, ಬಳಸುವವರ ಭಾಷೆಯಲ್ಲಿ ಕೇಳಲು ಏನು ಕಷ್ಟ?

ಅಕ್ಕನ ಕೈಯಲ್ಲಿರುವುದು ಐಫೋನ್. ಅದರಲ್ಲಿ 2017ರ ಐಒಎಸ್ 11ರಿಂದ ಈ ಸೌಲಭ್ಯವಿದೆ. ಕಂಟ್ರೋಲ್ ಸೆಂಟರ್ ಎಂಬ ಶಾರ್ಟ್‌ಕಟ್‌ಗಳ ಫಲಕದಲ್ಲಿರುವ ರೆಕಾರ್ಡಿಂಗ್‌ನ ದುಂಡು ಗುಂಡಿಯನ್ನು ಬರೀ ಮುಟ್ಟದೆ ಒತ್ತಿ ಹಿಡಿದರೆ ಮಾತ್ರ ಮೈಕಿನ ಆಯ್ಕೆ ಕಾಣುತ್ತದೆ. ಅವಳಿಗೂ ಇದು ಗೊತ್ತಿರಲಿಲ್ಲ.

ವಿಡಿಯೊ ತುಂಬ ಭಾರವಾದರೆ ಕಳಿಸಲಾಗುವುದಿಲ್ಲ ಎಂಬುದು ಇನ್ನೊಂದು ತೊಂದರೆ. ಸೆಕೆಂಡಿಗೆ 8 ಮೆಗಾಬಿಟ್ ದರದಲ್ಲಿ ರೆಕಾರ್ಡ್ ಮಾಡಿದರೆ ನಿಮಿಷಕ್ಕೆ ಸುಮಾರು 60 ಎಂಬಿ ಆಗುತ್ತದೆ. ಹಳ್ಳಿಯ ನೆಟ್‌ವರ್ಕಿಗೆ ಅದು ಹೊರೆ. ಕೆಲವು ಫೋನುಗಳ ಸೆಟ್ಟಿಂಗ್‌ನಲ್ಲಿ ಚಿತ್ರದ ಗುಣಮಟ್ಟವನ್ನು 720ಕ್ಕೆ ಇಳಿಸುವ ಅವಕಾಶವಿದೆ, ಇಳಿಸಿ. ಅಕ್ಷರ ಮಸುಕಾಗಿ ಓದಲಾಗದಿದ್ದರೆ ವಾಟ್ಸ್‌ಆ್ಯಪ್‌ನಲ್ಲಿ ವಿಡಿಯೊ ಎಂದು ಕಳಿಸುವ ಬದಲು ಡಾಕ್ಯುಮೆಂಟ್ ಎಂದು ಕಳಿಸಿದರೆ ಇದ್ದ ಹಾಗೆಯೇ ತಲುಪುತ್ತದೆ.

ಇನ್ನು ಎಚ್ಚರಿಕೆಯ ಮಾತು. ಬ್ಯಾಂಕಿನ ಆ್ಯಪ್ ತೆರೆದಾಗ ರೆಕಾರ್ಡಿಂಗ್‌ನಲ್ಲಿ ಬರೀ ಕಪ್ಪು ಕಂಡರೆ ಫೋನ್ ಕೆಟ್ಟಿದೆ ಎಂದುಕೊಳ್ಳಬೇಡಿ. ನಮ್ಮ ಹಣದ ರಕ್ಷಣೆಗಾಗಿ ಆ ಆ್ಯಪೇ ಪರದೆಯನ್ನು ಮುಚ್ಚಿಕೊಳ್ಳುತ್ತದೆ. ಅದನ್ನು ದಾಟುವ ಉಪಾಯ ಹುಡುಕುವುದೇ ಬೇಡ. ಆದರೆ ಎಲ್ಲ ಆ್ಯಪ್‌ಗಳೂ ಹೀಗೆ ಮಾಡುವುದಿಲ್ಲ. ಮೇಲಿನಿಂದ ಇಳಿದು ಬರುವ ಒಟಿಪಿ ಸಂದೇಶ, ಒತ್ತಿದಾಗ ಕೀಲಿಮಣೆಯ ಮೇಲೆ ಚಿಮ್ಮುವ ಅಕ್ಷರ, ಎಲ್ಲವೂ ವಿಡಿಯೊದಲ್ಲಿ ಉಳಿದುಬಿಡಬಹುದು. ಪಾಸ್‌ವರ್ಡ್ ಹಾಕುವ ಭಾಗ ಮುಗಿದ ಮೇಲೆ ರೆಕಾರ್ಡಿಂಗ್ ಶುರು ಮಾಡಿ ಎಂದು ಹಿರಿಯರಿಗೆ ಮೊದಲೇ ಹೇಳಿಡಿ.

ಅಮ್ಮನಿಗೆ ನಾನು ಬಿಡಿಸಿ ಹೇಳಿದ ಇನ್ನೊಂದು ವಿಷಯವಿದೆ. ರೆಕಾರ್ಡ್ ಮಾಡಿದ್ದು ನಮ್ಮ ಫೋನಿನಲ್ಲೇ ಉಳಿಯುತ್ತದೆ, ನಾವು ಕಳಿಸಿದರೆ ಮಾತ್ರ ಹೋಗುತ್ತದೆ. ಪರದೆ ಹಂಚಿಕೊಳ್ಳುವುದು ಹಾಗಲ್ಲ, ಆ ಕ್ಷಣದಲ್ಲೇ ಅತ್ತಲಿನವನು ಎಲ್ಲವನ್ನೂ ನೋಡುತ್ತಿರುತ್ತಾನೆ. ತೊಂದರೆಯೆಂದರೆ, ಎರಡಕ್ಕೂ ಫೋನ್ ಕೇಳುವ ಅನುಮತಿ ನೋಡಲು ಹೆಚ್ಚುಕಡಿಮೆ ಒಂದೇ ರೀತಿ ಇರುತ್ತದೆ. ದೂರದಿಂದ ಫೋನ್ ನಿಯಂತ್ರಿಸುವ ಆ್ಯಪ್ ಹಾಕಿಸಿ ಯುಪಿಐ ಮೂಲಕ ಹಣ ದೋಚುವವರ ಬಗ್ಗೆ ರಿಸರ್ವ್ ಬ್ಯಾಂಕ್ 2019ರಲ್ಲೇ ಬ್ಯಾಂಕುಗಳನ್ನು ಎಚ್ಚರಿಸಿತ್ತು. ಅಪರಿಚಿತನು ಕರೆ ಮಾಡಿ, ಪರದೆ ತೋರಿಸಿ ಎಂದರೆ ಮರುಮಾತಿಲ್ಲದೆ ಫೋನ್ ಇಡು ಎಂದಿದ್ದೇನೆ. ಹಣ ಹೋಗಿಯೇಬಿಟ್ಟರೆ ಕರೆ ಮಾಡಲೆಂದು 1930 ಎಂಬ ಸಂಖ್ಯೆಯನ್ನು ಕ್ಯಾಲೆಂಡರಿನ ಮೂಲೆಯಲ್ಲಿ ಅವಳೇ ಬರೆದುಕೊಂಡಿದ್ದಾಳೆ.

ಈಗ ಅಮ್ಮ ನನ್ನನ್ನು ಕೇಳುವ ರೀತಿಯೇ ಬದಲಾಗಿದೆ. "ಬರುತ್ತಿಲ್ಲ" ಎನ್ನುವುದಿಲ್ಲ, "ಕಳಿಸಿದ್ದೇನೆ, ನೋಡು" ಎನ್ನುತ್ತಾಳೆ. ನಿನ್ನೆ ರಾತ್ರಿ ಕರೆಂಟ್ ಬಿಲ್ಲಿನದು ಬಂತು, ಎರಡು ನಿಮಿಷ ಹತ್ತು ಸೆಕೆಂಡಿನದು. ಮೊದಲರ್ಧ ಎಲ್ಲ ಸರಿಯಾಗಿದೆ. ಆಮೇಲೆ ಒಂದು ಜಾಹೀರಾತು ಪೂರ್ತಿ ಪರದೆ ಆವರಿಸುತ್ತದೆ, ಅದನ್ನು ಮುಚ್ಚುವ ಗುರುತು ಎಲ್ಲಿದೆ ಎಂದು ಬಿಳಿ ಚುಕ್ಕೆ ಹುಡುಕುತ್ತದೆ. ನಾನೂ ಹುಡುಕುತ್ತಿದ್ದೇನೆ, ಇನ್ನೂ ಸಿಕ್ಕಿಲ್ಲ.