ದನಿ ಕೊಟ್ಟವರ ಹೆಸರು

ಬುಡಾಪೆಸ್ಟಿನಲ್ಲಿ ಕೆಲಸ ಮಾಡುವ ಗೆಳತಿ ಹೋದ ವಾರ ಒಂದು ಫೋಟೋ ಕಳಿಸಿದ್ದಳು. ಬೀದಿಯ ಮೂಲೆಯಲ್ಲಿ ಒಬ್ಬ ಕಂಚಿನ ಮನುಷ್ಯ ನಿಂತಿದ್ದಾನೆ. ಸುಕ್ಕಾದ ಮಳೆಕೋಟು ಹಾಕಿಕೊಂಡಿದ್ದಾನೆ, ತಲೆ ಕೆರೆದುಕೊಳ್ಳುವ ಹಾಗೆ ಒಂದು ಕೈ ಮೇಲೆತ್ತಿದ್ದಾನೆ. ಕಾಲ ಬಳಿ ಜೋಲುಕಿವಿಯ ನಾಯಿ. ‘ಇದು ಯಾರು ಹೇಳು’ ಅಂತ ಕೇಳಿದ್ದಳು. ಗೊತ್ತಾಗದೆ ಇರುತ್ತಾ? ಪತ್ತೇದಾರ ಕೊಲಂಬೋ. ಅಮೆರಿಕದ ಟೀವಿ ಧಾರಾವಾಹಿಯಲ್ಲಿ ಪೀಟರ್ ಫಾಲ್ಕ್ ಮಾಡಿದ ಪಾತ್ರ. ಪ್ರತಿಮೆ ಇರುವ ಬೀದಿಯ ಹೆಸರು ಫಾಲ್ಕ್ ಮಿಕ್ಷಾ. 19ನೇ ಶತಮಾನದ ಹಂಗೇರಿಯ ರಾಜಕಾರಣಿ, ಪತ್ರಕರ್ತ ಅವರು. ಇಬ್ಬರ ಹೆಸರಲ್ಲೂ ಫಾಲ್ಕ್ ಇದೆ, ಹಾಗಾಗಿ ನಂಟರಿರಬೇಕು ಅಂತ ಒಂದು ಮಾತು ಓಡಾಡುತ್ತದೆ. ಅದು ಸಾಬೀತಾಗಿಲ್ಲ. ಆದರೂ 2014ರ ಮಾರ್ಚ್‌ನಲ್ಲಿ ಪ್ರತಿಮೆ ನಿಂತಿತು.

ನಾನು ಆ ಫೋಟೋ ನೋಡುತ್ತಾ ನೆನೆದದ್ದು ಬೇರೆಯವರನ್ನು. ಅದೇ ವರ್ಷದ ಏಪ್ರಿಲ್‌ನಲ್ಲಿ, ಪ್ರತಿಮೆ ನಿಂತ ಕೆಲವೇ ದಿನಕ್ಕೆ, ಅದೇ ಊರಲ್ಲಿ 83 ವರ್ಷದ ಒಬ್ಬ ನಟ ತೀರಿಕೊಂಡರು. ಹೆಸರು ಸಾಬೋ ಜ್ಯೂಲಾ. ಹಂಗೇರಿಯವರು ನಮ್ಮ ಕಡೆಯ ಎಷ್ಟೋ ಜನರ ಹಾಗೆ ಮನೆತನದ ಹೆಸರನ್ನು ಮೊದಲು ಹೇಳುತ್ತಾರೆ. ಸಾಬೋ ಅಂದರೆ ದರ್ಜಿ. ಹಂಗೇರಿಯ ಮನೆಗಳಲ್ಲಿ ಕೊಲಂಬೋ ಮಾತಾಡಿದ್ದು ಈ ದರ್ಜಿ ಮನೆತನದ ಜ್ಯೂಲಾ ಅವರ ದನಿಯಲ್ಲಿ. ಅಲ್ಲಿನ ಜನ ಪ್ರೀತಿಸಿದ ಕೊಲಂಬೋ ಅರ್ಧ ಪೀಟರ್ ಫಾಲ್ಕ್, ಅರ್ಧ ಸಾಬೋ ಜ್ಯೂಲಾ. ಕಂಚಿನ ಪ್ರತಿಮೆಗೆ ಮುಖ ಬಂತು, ಕೋಟು ಬಂತು, ನಾಯಿಯೂ ಬಂತು. ದನಿಯನ್ನು ಕಂಚಿನಲ್ಲಿ ಎರಕ ಹೊಯ್ಯಲು ಆಗುವುದಿಲ್ಲ ಅಲ್ವಾ.

ಇವತ್ತು ಈ ಮನುಷ್ಯನ ಬಗ್ಗೆ ಬರೆಯಲೇಬೇಕು ಅನಿಸಿದೆ. ಉದ್ದ ಆಗುತ್ತದೆ, ಓದಿ.

ಸಾಬೋ ಹುಟ್ಟಿದ್ದು 1930ರಲ್ಲಿ, ಕುನ್‌ಸೆಂಟ್‌ಮಾರ್ಟೋನ್ ಅನ್ನುವ ಸಣ್ಣ ಊರಲ್ಲಿ. ಹಂಗೇರಿಯ ದೊಡ್ಡ ಬಯಲುಸೀಮೆಯಲ್ಲಿ, ಕೊರೊಶ್ ನದಿಯ ದಡದ ಊರು ಅದು. ಬುಡಾಪೆಸ್ಟಿನಲ್ಲಿ ನಟನೆ ಕಲಿತರು. ರಂಗಭೂಮಿಯೇ ಅವರ ಮನೆ. ಬಹುಕಾಲ ಥಾಲಿಯಾ ರಂಗಮಂದಿರದ ನಟರಾಗಿದ್ದರು. ಸಿನಿಮಾ ಮಾಡಿದರು, ಟೀವಿ ನಾಟಕ ಮಾಡಿದರು. ಕಲೆ, ಸಂಸ್ಕೃತಿಗೆ ಆ ದೇಶ ಕೊಡುವ ಅತಿ ದೊಡ್ಡ ಗೌರವವಾದ ಕೋಶುತ್ ಪ್ರಶಸ್ತಿಯೂ ಬಂತು. ಆದರೆ ಅಲ್ಲಿನ ಯಾವುದೇ ಮನೆಯಲ್ಲಿ ಅವರ ಹೆಸರು ಹೇಳಿದರೆ ಜನರಿಗೆ ಮೊದಲು ನೆನಪಾಗುವುದು ಮುಖವಲ್ಲ, ದನಿ.

ನಾನು ಅವರ ದನಿ ಮೊದಲು ಕೇಳಿದ್ದು ಕೊಲಂಬೋದಲ್ಲಿ ಅಲ್ಲ. ಮಗಳಿಗೆ ಆಗ ಐದು ವರ್ಷ. ಊಟ ಮಾಡಿಸುವಾಗ ಮೊಬೈಲಲ್ಲಿ ಏನೋ ಹುಡುಕುತ್ತಿದ್ದಾಗ ಹಂಗೇರಿಯ ಜನಪದ ಕಥೆಗಳ ಒಂದು ಕಾರ್ಟೂನ್ ಸಿಕ್ಕಿತು. ‘ಮಜ್ಯಾರ್ ನೇಪ್‌ಮೆಶೇಕ್’ ಅಂತ ಸರಣಿಯ ಹೆಸರು. ಅರ್ಥವೂ ಅಷ್ಟೇ, ಹಂಗೇರಿಯ ಜನಪದ ಕಥೆಗಳು. ಶುರುವಿಗೆ ಒಂದು ಹಕ್ಕಿ ಬರುತ್ತದೆ. ಕಸೂತಿ ಹಾಕಿದ ಹಾಗೆ ಬಳ್ಳಿ, ಹೂವು. ಹಿಂದೆ ಪಿಟೀಲು, ಕೊಳಲಿನ ಸಂಗೀತ. ಆಮೇಲೆ ಒಬ್ಬ ಅಜ್ಜನ ದನಿ.

‘ಹೋಲ್ ವೋಲ್ತ್, ಹೋಲ್ ನೆಮ್ ವೋಲ್ತ್...’

ನಮ್ಮ ‘ಒಂದಾನೊಂದು ಊರಲ್ಲಿ’ ಇದ್ದ ಹಾಗೆ. ಅರ್ಥ ಮಾತ್ರ ಇನ್ನೂ ಚೆಂದ: ಇತ್ತೋ, ಇರಲಿಲ್ಲವೋ. ಮುಂದೆ, ಏಳು ಸಮುದ್ರದಾಚೆ ಅಂತ ನಾವು ಹೇಳುವ ಜಾಗದಲ್ಲಿ ಅವರು ‘ಮೋಟು ಬಾಲದ ಹಂದಿಮರಿ ಮಣ್ಣು ಕೆದಕುವ ಜಾಗದಲ್ಲಿ’ ಅನ್ನುತ್ತಾರೆ. ಇದೆಲ್ಲ ನನಗೆ ಗೊತ್ತಾದದ್ದು ಆಮೇಲೆ. ಅವತ್ತು ಒಂದು ಪದವೂ ತಿಳಿಯಲಿಲ್ಲ. ಮಗಳಿಗೂ ಅಷ್ಟೇ. ಆದರೂ ತುತ್ತು ಬಾಯಲ್ಲೇ ಇಟ್ಟುಕೊಂಡು ಕೇಳುತ್ತಾ ಕೂತುಬಿಟ್ಟಳು. ರಾಜ ಬಂದಾಗ ದನಿ ಎದೆಯಿಂದ ಬರುತ್ತಿತ್ತು. ಮುದುಕಿ ಬಂದಾಗ ಮೂಗಿನ ಹತ್ತಿರ ಹೋಗುತ್ತಿತ್ತು. ಆದರೆ ಯಾವ ಪಾತ್ರ ಬಂದರೂ ಕಥೆ ಹೇಳುವ ಅಜ್ಜ ಕಳೆದುಹೋಗುತ್ತಿರಲಿಲ್ಲ. ಅವನು ನಗುತ್ತಿದ್ದಾನೆ ಅಂತ ಕೇಳಿಯೇ ಗೊತ್ತಾಗುತ್ತಿತ್ತು. ಮಿಮಿಕ್ರಿ ಮಾಡುವವರು ದನಿ ಬದಲಿಸಿ ತೋರಿಸುತ್ತಾರೆ. ಇವರು ಬದಲಿಸಿದ್ದೇ ನಮಗೆ ಗೊತ್ತಾಗದ ಹಾಗೆ ಬದಲಿಸುತ್ತಾರೆ. ಇದು ಬೇರೆಯದೇ ವಿದ್ಯೆ.

ಆ ಸರಣಿ ಮಾಡಿದ್ದು ಕೆಚ್ಕೆಮೇತ್ ಊರಿನ ಸ್ಟುಡಿಯೋ. ಪನ್ನೋನಿಯಾ ಅನ್ನುವ ದೊಡ್ಡ ಸರ್ಕಾರಿ ಸಿನಿಮಾ ಸಂಸ್ಥೆಯ ಶಾಖೆ ಅದು. ಹಿಂದೆ ಇದ್ದ ಮುಖ್ಯ ಮನುಷ್ಯ ಯಾಂಕೋವಿಚ್ ಮಾರ್ಸೆಲ್. 1970ರ ದಶಕದ ಕೊನೆಗೆ ಶುರುವಾದ ಕೆಲಸ 2012ರವರೆಗೆ ನಡೆಯಿತು. ಒಟ್ಟು 100 ಕಥೆ. ಬಹುತೇಕ ಕಥೆಗಳನ್ನು ಹೇಳಿದ್ದು ಸಾಬೋ. ಸಂಗೀತ ಮಾಡಿದ ತಂಡದ ಹೆಸರು ಕಲಾಕಾ. ಹಳ್ಳಿಯಲ್ಲಿ ಒಬ್ಬರ ಕೆಲಸಕ್ಕೆ ಎಲ್ಲರೂ ಸೇರಿ ಕೈ ಹಾಕುವುದಕ್ಕೆ ಅಲ್ಲಿ ಕಲಾಕಾ ಅನ್ನುತ್ತಾರಂತೆ. ನಮ್ಮ ಮಲೆನಾಡಿನ ಮುಯ್ಯಾಳು ಪದ್ಧತಿ ನೆನಪಾಗಿ ಖುಷಿಯಾಯಿತು. ಹಂಗೇರಿಯಲ್ಲಿ ಅಪ್ಪ ಅಮ್ಮ ಚಿಕ್ಕವರಿದ್ದಾಗ ಕೇಳಿದ ದನಿಯನ್ನೇ ಅವರ ಮಕ್ಕಳೂ ಕೇಳಿ ಬೆಳೆದಿದ್ದಾರೆ. ಒಂದು ಭಾಷೆಗೆ ಇದಕ್ಕಿಂತ ದೊಡ್ಡ ಸೇವೆ ಒಬ್ಬ ನಟ ಏನು ಮಾಡಬಹುದು, ನನಗೆ ಹೊಳೆಯುತ್ತಿಲ್ಲ.

ಸಾಬೋ ಒಬ್ಬರೇ ಅಲ್ಲ. ಡಬ್ಬಿಂಗಿಗೆ ಅಲ್ಲಿ ‘ಸಿಂಕ್ರೋನ್’ ಅನ್ನುತ್ತಾರೆ. ಆ ಕಾಲದಲ್ಲಿ ಅದು ಸೋತ ನಟರ ಪುಡಿಗಾಸಿನ ಕೆಲಸ ಆಗಿರಲಿಲ್ಲ. ರಾತ್ರಿ ರಂಗದ ಮೇಲೆ ದೊಡ್ಡ ಪಾತ್ರ ಮಾಡುವವರೇ ಹಗಲು ಮೈಕಿನ ಮುಂದೆ ನಿಲ್ಲುತ್ತಿದ್ದರು. ಶಿಲಾಯುಗದ ಸಂಸಾರದ ಆ ಅಮೆರಿಕನ್ ಕಾರ್ಟೂನ್ ಗೊತ್ತಲ್ಲ, ಫ್ಲಿಂಟ್‌ಸ್ಟೋನ್ಸ್? ಅದಕ್ಕೆ ಹಂಗೇರಿಯನ್ ಮಾತು ಬರೆದದ್ದು ರೋಮ್ಹಾನ್ಯಿ ಯೋಜೆಫ್ ಅನ್ನುವ ಕವಿ. ಅನುವಾದ ಮಾಡಿ ಕೈ ತೊಳೆದುಕೊಳ್ಳಲಿಲ್ಲ. ಇಡೀ ಧಾರಾವಾಹಿಯ ಮಾತನ್ನು ಪ್ರಾಸದಲ್ಲಿ, ಪದಗಳ ಆಟದಲ್ಲಿ ಕಟ್ಟಿದರು. ಫ್ರೆಡ್ ಅಲ್ಲಿ ಫ್ರೇದಿ ಆದ, ಬಾರ್ನಿ ಬೇನಿ ಆದ. ಫ್ರೇದಿಗೆ ಚಾಕಾನ್ಯಿ ಲಾಸ್ಲೋ, ಬೇನಿಗೆ ಮಾರ್ಕುಶ್ ಲಾಸ್ಲೋ. ಇಬ್ಬರೂ ಹೆಸರು ಮಾಡಿದ ರಂಗನಟರು. ಕವಿ ಬರೆದು, ಇಂಥ ನಟರು ಮಾತಾಡಿದರೆ ಕಾರ್ಟೂನು ಆ ಭಾಷೆಯಲ್ಲೇ ಹುಟ್ಟಿದ ಹಾಗೆ ಆಗದೆ ಇನ್ನೇನಾಗುತ್ತದೆ?

ಬುಯ್ತೋರ್ ಇಷ್ಟ್ವಾನ್ ಕಥೆಯಂತೂ ನನಗೆ ಬಹಳ ಇಷ್ಟ. ಇಟಲಿಯ ದಢೂತಿ ನಟ ಬಡ್ ಸ್ಪೆನ್ಸರ್‌ಗೆ ಹಂಗೇರಿಯನ್ ದನಿ ಕೊಟ್ಟವರು. ಅವರೂ ಒಳ್ಳೆ ಗಾತ್ರದ ಆಳು, ಬಾಲಾತೋನ್ ಸರೋವರದಲ್ಲಿ ಹಾಯಿದೋಣಿ ಓಡಿಸುವ ಆಟಗಾರ. 1980ರ ದಶಕದಲ್ಲಿ ಅದೇ ಸರೋವರದ ಸುತ್ತ ನಡೆಯುವ ಪೊಲೀಸ್ ಕಾಮಿಡಿ ಸಿನಿಮಾಗಳಲ್ಲಿ ತಾವೇ ಹೀರೋ ಆದರು. ಅದೇ ಗಡ್ಡ, ಅದೇ ಮುಷ್ಟಿ ಏಟು. ಇನ್ನೊಬ್ಬನಿಗೆ ಕೊಟ್ಟ ದನಿ ತಿರುಗಿ ಬಂದು ಇವರಿಗೇ ಒಂದು ಪಾತ್ರ ಕೊಟ್ಟಿತು. ಬುಯ್ತೋರ್ 2009ರಲ್ಲಿ ಹೋದರು. 2017ರಲ್ಲಿ ಬುಡಾಪೆಸ್ಟಿನಲ್ಲಿ ಬಡ್ ಸ್ಪೆನ್ಸರ್ ಪ್ರತಿಮೆಯೂ ನಿಂತಿತು. ಒಂದೇ ಊರಲ್ಲಿ ಅಮೆರಿಕದ ಪತ್ತೇದಾರ, ಇಟಲಿಯ ಪೈಲ್ವಾನ. ಈ ಇಬ್ಬರು ಪರದೇಶಿಗಳು ಅಲ್ಲಿನ ಜನಕ್ಕೆ ಇಷ್ಟು ಹತ್ತಿರ ಆಗಿದ್ದು ಆ ದನಿಗಳಿಂದ ಅಂತ ನಾನು ಗಟ್ಟಿಯಾಗಿ ನಂಬುತ್ತೇನೆ. ಕೊಲಂಬೋ ಪಾದದ ಕೆಳಗೆ ಒಂದು ಗೆರೆಯಲ್ಲಿ ಸಾಬೋ ಹೆಸರನ್ನೂ ಕೊರೆಯಬೇಕು. ಇದು ನನ್ನ ಆಸೆ.

ಇಷ್ಟೆಲ್ಲ ಯಾಕೆ ಹೇಳುತ್ತಿದ್ದೀನಿ ಅಂದರೆ, ನಾನೂ ಆ ಮೈಕಿನ ಮುಂದೆ ನಿಂತಿದ್ದೀನಿ. ಹವ್ಯಾಸಿ ನಾಟಕದವಳು ನಾನು. ಎರಡು ವರ್ಷದ ಹಿಂದೆ ಬೆಂಗಳೂರಿನ ಒಂದು ಸಣ್ಣ ಸ್ಟುಡಿಯೋದಿಂದ ಕರೆ ಬಂತು. ಮಕ್ಕಳ ಕಾರ್ಟೂನಲ್ಲಿ ಒಂದು ಆಮೆ ಅಜ್ಜಿ. ಕನ್ನಡ ದನಿ ಬೇಕು.

ಕೋಣೆ ಅಂದರೆ ನಮ್ಮ ಬಚ್ಚಲುಮನೆಯಷ್ಟು. ಗೋಡೆ ತುಂಬಾ ಸ್ಪಂಜು. ಮೈಕಿಗೆ ಸದ್ದು ಕೇಳುತ್ತದೆ ಅಂತ ಏಸಿ ಆಫ್ ಮಾಡುತ್ತಾರೆ. ಹತ್ತು ನಿಮಿಷಕ್ಕೆ ಬೆನ್ನು ಒದ್ದೆ. ಕಿವಿಯಲ್ಲಿ ಇಂಗ್ಲಿಷ್ ಅಜ್ಜಿ, ಕಣ್ಣ ಮುಂದೆ ಆಮೆಯ ಬಾಯಿ, ಕೈಯಲ್ಲಿ ಕನ್ನಡದ ಹಾಳೆ. ಹಾಳೆಯಲ್ಲಿದ್ದದ್ದು: ‘ನಾನು ಆ ಮೊಟ್ಟೆಯನ್ನು ಎಲ್ಲಿಯೂ ನೋಡಿರುವುದಿಲ್ಲ.’ ಆಮೆ ಮಾತಿನ ಮೊದಲೇ ತಲೆ ಅಲ್ಲಾಡಿಸಿಬಿಡುತ್ತದೆ. ಇಂಗ್ಲಿಷಿನಲ್ಲಿ ಆ ‘ಇಲ್ಲ’ ವಾಕ್ಯದ ಶುರುವಲ್ಲೇ ಬರುತ್ತದೆ. ನಮ್ಮ ‘ಇಲ್ಲ’ ಬರುವುದು ಕೊನೆಗೆ. ಅಷ್ಟು ಹೊತ್ತಿಗೆ ಆಮೆಯ ಬಾಯಿ ಮುಚ್ಚಿರುತ್ತದೆ. ನಾಲ್ಕು ಸಲ ಹೇಳಿದೆ, ಕೂಡಿ ಬರಲಿಲ್ಲ. ಐದನೇ ಸಲ ನಮ್ಮಜ್ಜಿ ಹೇಳುವ ಹಾಗೆ ಹೇಳಿದೆ: ‘ಇಲ್ಲಪ್ಪಾ, ನಾ ನೋಡ್ಲಿಲ್ಲ ಕಣೋ.’ ತಲೆಯೂ ಕೂಡಿತು, ಬಾಯಿಯೂ ಕೂಡಿತು. ‘ಪ್ಪಾ’ ಅಂದಾಗ ತುಟಿ ಮುಚ್ಚುತ್ತದೆ ನೋಡಿ, ಅಲ್ಲಿ ಆಮೆಯ ತುಟಿಯೂ ಮುಚ್ಚಿತ್ತು. ಗಾಜಿನ ಆಚೆ ಕೂತಿದ್ದ ಸೌಂಡ್ ಹುಡುಗ ಹೆಬ್ಬೆಟ್ಟು ಎತ್ತಿ ತೋರಿಸಿದ.

ಅಜ್ಜಿ ಎಲೆ ತಿನ್ನುತ್ತಾ ಮಾತಾಡುವ ಒಂದು ಸೀನಿಗೆ ಸೀಬೆಕಾಯಿ ಕಚ್ಚಿಕೊಂಡು ಮಾತಾಡಿದೆ. ಕೆಮ್ಮು, ನಿಟ್ಟುಸಿರು, ಮೆಟ್ಟಿಲು ಹತ್ತುವಾಗಿನ ಏದುಸಿರು, ಎಲ್ಲಾ ಬೇರೆ ಬೇರೆ ರೆಕಾರ್ಡ್ ಆಯಿತು. ಸಂಜೆ ಹೊತ್ತಿಗೆ ನಾಟಕದ ಎರಡು ಪ್ರದರ್ಶನ ಕೊಟ್ಟಷ್ಟು ಸುಸ್ತು. ನಡುವೆ ಒಬ್ಬರು ಬಂದು ‘ಸುಮ್ನೆ ಓದಿ ಮುಗ್ಸಿ ಮೇಡಂ, ಮಕ್ಕಳಿಗೆ ಇಷ್ಟೆಲ್ಲ ಯಾಕೆ’ ಅಂದರು. ಈ ಮಾತು ಇವತ್ತಿಗೂ ಚುಚ್ಚುತ್ತದೆ. ಮಕ್ಕಳಿಗೇ ಅಲ್ವಾ ಇದೆಲ್ಲ ಬೇಕಿರುವುದು? ಕಾರ್ಟೂನ್ ಬಂತು. ಮಗಳನ್ನು ಕೂರಿಸಿಕೊಂಡು ಕೊನೆವರೆಗೆ ನೋಡಿದೆ. ಪರದೇಶದಲ್ಲಿ ಚಿತ್ರ ಬರೆದವರ ಹೆಸರೆಲ್ಲ ಸಾಲಾಗಿ ಹೋಯಿತು. ಕನ್ನಡದಲ್ಲಿ ಮಾತಾಡಿದ ಹನ್ನೊಂದು ಜನರಲ್ಲಿ ಒಬ್ಬರ ಹೆಸರೂ ಇರಲಿಲ್ಲ. ‘ಅಮ್ಮಾ, ನಿನ್ ಹೆಸ್ರು ಎಲ್ಲಿ’ ಅಂತ ಅವಳು ಕೇಳಿದಳು.

ಹಂಗೇರಿಯಲ್ಲಿ ಡಬ್ ಆದ ಸಿನಿಮಾ ಮುಗಿದಾಗ ‘ಹಂಗೇರಿಯನ್ ದನಿಗಳು’ ಅಂತ ಪಟ್ಟಿ ಬರುವುದು ಹಳೆಯ ಪದ್ಧತಿ. ಮಾತು ಬರೆದವರು, ದನಿ ಕೊಟ್ಟವರು, ಡಬ್ಬಿಂಗ್ ನಿರ್ದೇಶಕರು. ಅಲ್ಲಿಯ ಒಟ್ಟು ಜನಸಂಖ್ಯೆ ಒಂದು ಕೋಟಿಗೂ ಕಡಿಮೆ. 2011ರ ಜನಗಣತಿಯ ಪ್ರಕಾರ ಕನ್ನಡ ಮಾತೃಭಾಷೆಯವರೇ 4 ಕೋಟಿ 37 ಲಕ್ಷ ಇದ್ದೀವಿ. ಹಂಗೇರಿಯ ಸುತ್ತ ಜರ್ಮನ್, ರೊಮೇನಿಯನ್, ಸ್ಲಾವ್ ಭಾಷೆಗಳು. ಯಾವುದಕ್ಕೂ ಹಂಗೇರಿಯನ್ ನಂಟಿಲ್ಲ. ದ್ವೀಪದ ಹಾಗೆ ನಿಂತ ಭಾಷೆ. ಆ ಭಾಷೆಯ ಮಗು ಫ್ರೇದಿಯನ್ನೂ ಕೊಲಂಬೋನನ್ನೂ ತನ್ನ ಮಾತಿನಲ್ಲೇ ಕೇಳಿತು. ಜೊತೆಗೆ ಅವರು ತಮ್ಮದೇ ಸಿನಿಮಾ, ತಮ್ಮದೇ ಕಾರ್ಟೂನ್ ಮಾಡುವುದನ್ನೂ ನಿಲ್ಲಿಸಲಿಲ್ಲ. ಡಬ್ಬಿಂಗ್ ಬಂದರೆ ಸ್ವಂತದ್ದು ಸಾಯುತ್ತದೆ ಅನ್ನುವ ಭಯಕ್ಕೆ ಇದೊಂದು ಉತ್ತರ.

ಆ ಭಯ ಸುಳ್ಳು ಅಂತ ನಾನು ಹೇಳುವುದಿಲ್ಲ. 1960ರ ದಶಕದಲ್ಲಿ ಡಬ್ಬಿಂಗ್ ಬೇಡ ಅಂತ ನಿಂತವರ ಮೇಲೆ ನನಗೆ ಗೌರವ ಇದೆ. ಕನ್ನಡ ಚಿತ್ರರಂಗ ಆಗ ತೀರಾ ಸಣ್ಣದು, ಮದ್ರಾಸಿನ ನೆರಳಲ್ಲಿತ್ತು. ಆದರೆ ಆ ತಡೆ ಅರ್ಧ ಶತಮಾನ ಎಳೆಯಿತು. 2015ರಲ್ಲಿ, ಡಬ್ಬಿಂಗ್ ತಡೆಯುವುದು ತಪ್ಪು ಅಂತ ಭಾರತದ ಸ್ಪರ್ಧಾ ಆಯೋಗದ ಆದೇಶ ಬಂದಮೇಲೆ ಬಾಗಿಲು ತೆರೆಯಿತು. ಆ ನಡುವೆ ಬೆಳೆದ ನಾವೆಲ್ಲ ಡೈನೋಸಾರನ್ನೂ ಡಿಸ್ನಿಯನ್ನೂ ಹಿಂದಿಯಲ್ಲಿ, ಇಂಗ್ಲಿಷಿನಲ್ಲಿ ನೋಡಿದೆವು. ನಷ್ಟ ಸಿನಿಮಾದ್ದಷ್ಟೇ ಅಲ್ಲ. ಬಾಯಿಗೆ ಕೂರುವ ಮಾತು ಬರೆಯುವವರು ತಯಾರಾಗಲಿಲ್ಲ. ದನಿಯಲ್ಲೇ ನಟಿಸುವವರು ತಯಾರಾಗಲಿಲ್ಲ. ಈಗ ಒಮ್ಮೆಗೇ ಕೆಲಸ ಬಂದಿದೆ, ಮಾಡುವ ಕೈಗಳು ಪಳಗಿಲ್ಲ. ಹಾಗಾಗಿ ‘ನೋಡಿರುವುದಿಲ್ಲ’ ಅನ್ನುವ ಆಮೆಗಳು ಹುಟ್ಟುತ್ತಿವೆ. ಜನ ಅದನ್ನು ಕೇಳಿ ‘ಕನ್ನಡದಲ್ಲಿ ಚೆನ್ನಾಗಿರಲ್ಲ’ ಅನ್ನುತ್ತಾರೆ. ತಪ್ಪು ಕನ್ನಡದ್ದಲ್ಲ. ನಮ್ಮಲ್ಲಿ ನೀನಾಸಂನಲ್ಲಿ ಕಲಿತವರಿದ್ದಾರೆ, ರಂಗಾಯಣದಲ್ಲಿ ಪಳಗಿದವರಿದ್ದಾರೆ. ತಾಳಮದ್ದಳೆಯಲ್ಲಿ ವೇಷವಿಲ್ಲದೆ, ಕೂತಲ್ಲೇ, ಬರೀ ಮಾತಿನಲ್ಲಿ ಇಡೀ ಕುರುಕ್ಷೇತ್ರ ಕಟ್ಟುವ ಅರ್ಥಧಾರಿಗಳಿದ್ದಾರೆ. ದನಿಯಲ್ಲಿ ನಟಿಸುವುದನ್ನು ನಮಗೆ ಯಾರೂ ಹೊರಗಿನಿಂದ ಬಂದು ಕಲಿಸಬೇಕಿಲ್ಲ. ಅವರನ್ನು ಕರೆಯಿರಿ, ಸರಿಯಾಗಿ ದುಡ್ಡು ಕೊಡಿ, ಹೆಸರು ಹಾಕಿ. ಕವಿಗಳ ಹತ್ತಿರ ಮಾತು ಬರೆಸಿ.

ಹೆಸರಿನ ವಿಷಯವನ್ನು ನಾನು ಬಿಡುವುದಿಲ್ಲ. ಹೆಸರಿದ್ದರೆ ಸಾಬೋ ಥರ ಒಬ್ಬರನ್ನು ಜನ ಹುಡುಕಿಕೊಂಡು ಬರುತ್ತಾರೆ, ಇನ್ನೊಂದು ಪಾತ್ರ ಕೊಡುತ್ತಾರೆ, ಅವರು ಇನ್ನೂ ಚೆನ್ನಾಗಿ ಮಾಡುತ್ತಾರೆ. ನಮ್ಮ ಸಿನಿಮಾಗಳಲ್ಲಿ ಎಷ್ಟೋ ನಾಯಕಿಯರು ಮಾತಾಡುವುದು ಬೇರೆಯವರ ದನಿಯಲ್ಲಿ. ಅವರು ಅಳುವಾಗ ನಾವು ಕಣ್ಣೊರೆಸಿಕೊಂಡಿದ್ದೀವಿ. ಆ ಅಳು ಯಾರದು ಅಂತ ನಮ್ಮಲ್ಲಿ ಎಷ್ಟು ಜನಕ್ಕೆ ಗೊತ್ತು?

ಮೊನ್ನೆ ಇನ್ನೊಂದು ಕಡೆಯಿಂದ ಕರೆ ಬಂತು. ಈ ಸಲ ನರಿ, ಹನ್ನೆರಡು ಕಂತು. ದುಡ್ಡಿನ ಮಾತು ಆದಮೇಲೆ ಕೇಳಿದೆ, ‘ಕೊನೆಯಲ್ಲಿ ಕನ್ನಡ ದನಿಗಳ ಹೆಸರು ಬರುತ್ತಾ? ನನ್ನದಷ್ಟೇ ಅಲ್ಲ, ಎಲ್ಲರದೂ.’ ಆ ಕಡೆ ಸ್ವಲ್ಪ ಹೊತ್ತು ಮಾತಿಲ್ಲ. ‘ಇದುವರೆಗೆ ಯಾರೂ ಕೇಳಿಲ್ಲ ಮೇಡಂ, ವಿಚಾರಿಸಿ ಹೇಳ್ತೀನಿ’ ಅಂದರು. ಸೋಮವಾರ ಹೇಳುತ್ತಾರಂತೆ. ಅಷ್ಟರಲ್ಲಿ ನಾನು ನರಿ ಹೇಗೆ ನಗಬೇಕು ಅಂತ ಅಡುಗೆಮನೆಯಲ್ಲಿ ನೋಡಿಕೊಳ್ಳುತ್ತಿದ್ದೀನಿ.