ಪರ-ವಿರೋಧ: ಟೀಚರ್ ಆಗುವವರಿಗೆ ಪಠ್ಯಕ್ರಮದ ಪಾಠ ಬೇಕಾ?

2015ರಲ್ಲಿ ಬಿ.ಎಡ್. ಒಂದು ವರ್ಷದಿಂದ ಎರಡು ವರ್ಷಕ್ಕೆ ಹಿಗ್ಗಿತು. ಹೊಸದಾಗಿ ಸೇರಿದ ವಿಷಯಗಳಲ್ಲಿ 'ಜ್ಞಾನ ಮತ್ತು ಪಠ್ಯಕ್ರಮ' ಒಂದು. ಪಠ್ಯಕ್ರಮದ ವಿಧಗಳು, ಅದರ ತಾತ್ವಿಕ, ಮಾನಸಿಕ, ಸಾಮಾಜಿಕ ಬುನಾದಿ, ಅದನ್ನು ಕಟ್ಟುವ ಬಗೆ ಎಲ್ಲ ಇದರಲ್ಲಿ ಬರುತ್ತವೆ. ಇದು ಬೇಕಾ? ಅಥವಾ ಈ ಗಂಟೆಗಳನ್ನೂ ತರಗತಿಯ ಅಭ್ಯಾಸಕ್ಕೇ ಕೊಡಬೇಕಾ? ಇಬ್ಬರು ಶಿಕ್ಷಕರನ್ನು ಕೇಳಿದೆವು.

ಪರ: 'ರಗಸದಅ' ಯಾಕೆ ಅಂತ ಯಾರಾದರೂ ಕೇಳಿದರೆ?

*ಬರೆದವರು: ಮೊದಲು ಪ್ರಾಥಮಿಕ ಶಾಲೆಯಲ್ಲಿದ್ದು, ಈಗ ತರಬೇತಿ ಕಾಲೇಜಿನಲ್ಲಿ ಪಾಠ ಮಾಡುವ ಉಪನ್ಯಾಸಕಿ*

ಬೇಕು. ಇದರಲ್ಲಿ ಪರ-ವಿರೋಧ ಏನಿದೆ ಅಂತ ನನಗೆ ನಿಜಕ್ಕೂ ಗೊತ್ತಾಗುವುದಿಲ್ಲ. ತಾನು ಕಲಿಸುತ್ತಿರುವುದನ್ನು ಯಾರು ಆರಿಸಿದರು, ಯಾಕೆ ಆರಿಸಿದರು, ಈ ಪಾಠ ಮೊದಲು ಆ ಪಾಠ ಆಮೇಲೆ ಅಂತ ಯಾಕೆ ಜೋಡಿಸಿದರು ಎನ್ನುವುದು ಗೊತ್ತಿಲ್ಲದವರು ಯಾರೋ ಬರೆದುಕೊಟ್ಟದ್ದನ್ನು ಜೋರಾಗಿ ಓದುತ್ತಾರೆ, ಅಷ್ಟೇ. ಅದಕ್ಕೆ ಎರಡು ವರ್ಷದ ತರಬೇತಿ ಬೇಡ. ಒಂದು ಮೈಕ್ ಸಾಕು.

ಮಕ್ಕಳು ಕಾರ್ಡು ಹಿಡಿದು ಚಟುವಟಿಕೆಯಿಂದ ಕಲಿಯುವ ನಲಿ-ಕಲಿ ಪದ್ಧತಿಯನ್ನೇ ತೆಗೆದುಕೊಳ್ಳಿ. ಇದು ನಮ್ಮದೇ ರಾಜ್ಯದಲ್ಲಿ, ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ 1995ರಲ್ಲಿ ಶುರುವಾದದ್ದು. ಯುನಿಸೆಫ್ ನೆರವಿತ್ತು. ಆಂಧ್ರದ ರಿಷಿ ವ್ಯಾಲಿಯ ಶಾಲೆಗಳು ಮಾದರಿಯಾಗಿದ್ದವು. ಆದರೆ ಕೂತು ಕಾರ್ಡು ಮಾಡಿದವರು ನಮ್ಮ ಸರ್ಕಾರಿ ಶಾಲೆ ಮೇಷ್ಟ್ರುಗಳು. ಮುಂದೆ ಅದು ರಾಜ್ಯದ ಸರ್ಕಾರಿ ಕನ್ನಡ ಶಾಲೆಗಳಿಗೆಲ್ಲ ಬಂತು. ಒಂದು, ಎರಡು, ಮೂರನೇ ತರಗತಿಯ ಮಕ್ಕಳು ಒಂದೇ ಕೋಣೆಯಲ್ಲಿ ಕೂರುತ್ತಾರೆ. ಗೋಡೆಯಲ್ಲಿ ಕಲಿಕಾ ಏಣಿ, ಅಂದರೆ ಕಲಿಕೆಯ ಮೆಟ್ಟಿಲುಗಳನ್ನು ತೋರಿಸುವ ಪಟ ಇರುತ್ತದೆ. ಪ್ರತಿ ಮಗು ತನ್ನ ಮೈಲಿಗಲ್ಲು ಎಲ್ಲಿದೆ ನೋಡಿ, ಅದರ ಕಾರ್ಡು ತೆಗೆದುಕೊಂಡು ತನ್ನ ತಟ್ಟೆಗೆ (ಗುಂಪಿಗೆ ಅಲ್ಲಿ ಹಾಗೆನ್ನುತ್ತಾರೆ) ಹೋಗಿ ಕೂರುತ್ತದೆ.

ನಾನಿದ್ದ ಶಾಲೆಗೂ ಅದು ಬಂತು. ತರಬೇತಿಯಲ್ಲಿ ನಮಗೆ ಹೇಳಿದ್ದು ಏನು ಮಾಡಬೇಕು ಅಂತ. ಈ ಕಾರ್ಡು ಇಲ್ಲಿಡಿ, ಈ ಗುಂಪಿನ ಜೊತೆ ನೀವು ಕೂರಿ, ಆ ಗುಂಪನ್ನು ಸಹಪಾಠಿ ಗೆಳೆಯರ ನೆರವಿಗೆ ಬಿಡಿ. ಯಾಕೆ ಅಂತ ಹೇಳಿದ್ದು ಕಡಿಮೆ. ಒಂದು ತಿಂಗಳಾಗುವಷ್ಟರಲ್ಲಿ ಅಪ್ಪ-ಅಮ್ಮಂದಿರು ಗೇಟಿನ ಹತ್ತಿರ ನಿಲ್ಲತೊಡಗಿದರು. "ಮೇಡಂ, ಶಾಲೆಗೆ ಬಂದು ಇಷ್ಟು ದಿನ ಆಯ್ತು, ಮಗೂಗೆ ಅ ಆ ಇ ಈ ಬರಲ್ಲ. ಅದೇನೋ ರ ಗ ಸ ದ ಅ ಅನ್ನುತ್ತೆ. ಪಕ್ಕದ ಕಾನ್ವೆಂಟಿನ ಮಗು ಎಬಿಸಿಡಿ ಪೂರ್ತಿ ಹೇಳುತ್ತೆ."

ನಮ್ಮ ಹಿರಿಯ ಮೇಷ್ಟ್ರು ಒಬ್ಬರು ಒಳ್ಳೆಯವರು, ಮಕ್ಕಳೆಂದರೆ ಪ್ರಾಣ. ಅವರಿಗೆ ಉತ್ತರ ಹೊಳೆಯಲಿಲ್ಲ. ಮಾರನೇ ದಿನ ಬಾಗಿಲು ಮುಂದೆ ಮಾಡಿಕೊಂಡು ಬೋರ್ಡಿನ ಮೇಲೆ ಅ ಆ ಇ ಈ ಬರೆದು ತಿದ್ದಿಸಲು ಶುರು ಮಾಡಿದರು. ಶಾಲೆಗಳನ್ನು ನೋಡಿಕೊಂಡು ಹೋಗುವ ಸಿ.ಆರ್.ಪಿ. (ಕ್ಲಸ್ಟರ್ ಸಂಪನ್ಮೂಲ ವ್ಯಕ್ತಿ) ಬಂದ ದಿನ ಮಾತ್ರ ಕಾರ್ಡು ಹೊರಗೆ ಬರುತ್ತಿತ್ತು.

ಅಪ್ಪ-ಅಮ್ಮಂದಿರಿಗೆ ಕೊಡಬೇಕಾದ ಉತ್ತರ ಇರುವುದು ಈ 'ಬೇಡದ' ಪತ್ರಿಕೆಯಲ್ಲೇ, ಅಂದರೆ 'ಜ್ಞಾನ ಮತ್ತು ಪಠ್ಯಕ್ರಮ' ವಿಷಯದಲ್ಲೇ. ಅಕ್ಷರಮಾಲೆಯ ಕ್ರಮ ಸುಮ್ನೆ ಬಂದದ್ದಲ್ಲ. ಕವರ್ಗ ಗಂಟಲ ಹತ್ತಿರ ಹುಟ್ಟುತ್ತದೆ, ಪವರ್ಗ ತುಟಿಗೆ ಬಂದು ಮುಗಿಯುತ್ತದೆ. ಭಾಷೆ ಚೆನ್ನಾಗಿ ಗೊತ್ತಿದ್ದವರು ಜೋಡಿಸಿದ ಸೊಗಸಾದ ಕ್ರಮ ಅದು. ಆದರೆ ಐದೂವರೆ ವರ್ಷದ ಮಗುವಿಗೆ ಆ ಸೊಗಸು ಕಾಣಲ್ಲ. ಅ ದಿಂದ ಅಃ ವರೆಗೆ ತಿದ್ದಿ ಕೈ ಸೋತರೂ ಓದಿ ಖುಷಿಪಡುವ ಪದ ಕೈಗೆ ಸಿಗುವುದು ಕಷ್ಟ. ಅದೇ ರ ಗ ಸ ದ ಅ ಬಂದರೆ? ಸರ, ದರ, ಅರಸ, ಅಗಸ, ಗರಗಸ. ಐದೇ ಅಕ್ಷರಕ್ಕೆ ಮಗು ಓದುತ್ತಿದೆ! ಬರೆಯುವುದಕ್ಕೂ ಸುಲಭದ ಆಕಾರಗಳು. ವಿಷಯ ತಿಳಿದವರ ಕ್ರಮ ಬೇರೆ, ಕಲಿಯುವವರ ಕ್ರಮ ಬೇರೆ ಎಂದು ಅಮೆರಿಕದ ಶಿಕ್ಷಣ ಚಿಂತಕ ಜಾನ್ ಡ್ಯೂಯಿ 1902ರಲ್ಲೇ ಬರೆದಿದ್ದರು. ವಿಷಯ ಕೇಂದ್ರಿತ ಪಠ್ಯಕ್ರಮ, ಮಗು ಕೇಂದ್ರಿತ ಪಠ್ಯಕ್ರಮ ಎಂದು ನಾವು ಪರೀಕ್ಷೆಗೆ ಬರೆಯುವ ಎರಡು ವಿಧಗಳ ಜೀವ ಇರುವುದು ಇಲ್ಲೇ. ಇದು ಗೊತ್ತಿದ್ದವರು ಗೇಟಿನ ಹತ್ತಿರ ನಿಂತು ಮಾತಾಡಿದರು. ಗೊತ್ತಿಲ್ಲದವರು ಬಾಗಿಲು ಹಾಕಿಕೊಂಡರು. ಇಬ್ಬರಿಗೂ ಸಿಕ್ಕಿದ್ದು ಅದೇ ಕಾರ್ಡು, ಅದೇ ಏಣಿ.

ಇನ್ನೊಂದು ಉದಾಹರಣೆ. ಭಿನ್ನರಾಶಿ ನಾಲ್ಕರಲ್ಲೂ ಇದೆ, ಐದರಲ್ಲೂ ಇದೆ, ಆರರಲ್ಲೂ ಇದೆ. "ಹೋದ ವರ್ಷವೇ ಆಗಿದೆಯಲ್ಲ" ಎಂದು ಅದನ್ನು ಓಡಿಸುವ ಶಿಕ್ಷಕರು ಎಷ್ಟು ಜನ! ಅದೇ ವಿಷಯವನ್ನು ಪ್ರತಿ ಸಲ ಸ್ವಲ್ಪ ಮೇಲಕ್ಕೆ ಒಯ್ಯಬೇಕು ಎಂಬುದು ಮನಶ್ಶಾಸ್ತ್ರಜ್ಞ ಜೆರೋಮ್ ಬ್ರೂನರ್ 1960ರಲ್ಲಿ ಮುಂದಿಟ್ಟ ಸುರುಳಿ ಪಠ್ಯಕ್ರಮ. ಪುಸ್ತಕ ಮಾಡಿದವರ ತಲೆಯಲ್ಲಿ ಅದಿದೆ. ಕಲಿಸುವವರ ತಲೆಯಲ್ಲಿ ಇಲ್ಲದಿದ್ದರೆ ಅದು ಬರೀ ಮರುಪ್ರಸಾರ.

ಈಗ ನನ್ನ ಇಷ್ಟದ ವಿಷಯಕ್ಕೆ ಬರುತ್ತೇನೆ. ಪುಸ್ತಕದಲ್ಲಿ ಇಲ್ಲದೆಯೂ ಶಾಲೆ ಕಲಿಸುವ ಪಾಠಗಳಿವೆ. ಇದಕ್ಕೆ ಗುಪ್ತ ಪಠ್ಯಕ್ರಮ ಎನ್ನುತ್ತೇವೆ. ಶಿಕ್ಷಣ ತಜ್ಞ ಫಿಲಿಪ್ ಜಾಕ್ಸನ್ 1968ರಲ್ಲಿ ಕೊಟ್ಟ ಹೆಸರಿನಿಂದ ಬಂದದ್ದು. ನಮ್ಮಲ್ಲಿ ಅದು ಹೇಗಿರುತ್ತದೆ? ಜನವರಿ 26ರ ಹಿಂದಿನ ದಿನ ಹುಡುಗರು ಬೆಂಚು ಹೊರುತ್ತಾರೆ, ಹುಡುಗಿಯರು ರಂಗೋಲಿ ಹಾಕುತ್ತಾರೆ. ಸಾಹೇಬರು ಬಂದರೆ ಆರತಿ ತಟ್ಟೆ ಹಿಡಿಯುವುದು ಹುಡುಗಿ. ಅಂಗಳ ಗುಡಿಸಲು ಯಾರನ್ನು ಕರೆಯುತ್ತೇವೆ, ಕುಡಿಯುವ ನೀರು ತರಲು ಯಾರನ್ನು ಕಳಿಸುತ್ತೇವೆ ಅಂತ ಒಂದು ವಾರ ಬರೆದಿಡಿ ಎಂದು ನಮ್ಮ ವಿದ್ಯಾರ್ಥಿಗಳಿಗೆ ಹೇಳುತ್ತೇನೆ. ಬರೆದುಕೊಂಡು ಬಂದಾಗ ತರಗತಿ ಸ್ವಲ್ಪ ಹೊತ್ತು ತಣ್ಣಗಾಗುತ್ತದೆ. 'ಎಲ್ಲರೂ ಸಮಾನರು' ಪಾಠವನ್ನು ಅದೇ ಶಾಲೆಯಲ್ಲಿ ಮಾಡಿ ಬಂದಿರುತ್ತಾರೆ ಅವರು.

ಹೇಳದೆ ಬಿಟ್ಟದ್ದೂ ಪಾಠವೇ. ಶಿಕ್ಷಣ ತಜ್ಞ ಎಲಿಯಟ್ ಐಸ್ನರ್ ಹೇಳಿದ ಶೂನ್ಯ ಪಠ್ಯಕ್ರಮ ಇದು. ತಾಂಡಾದಿಂದ ಬಂದ ಮಗು ಮನೆಯಲ್ಲಿ ಲಂಬಾಣಿ ಮಾತಾಡುತ್ತದೆ. ಒಂದನೇ ತರಗತಿಯ ಪುಸ್ತಕದಲ್ಲಿ ಆ ಮಾತಿಗೆ ಜಾಗ ಎಲ್ಲಿದೆ? ಮಗುವಿಗೆ ಅದು ಮೊದಲ ದಿನವೇ ಅರ್ಥವಾಗುತ್ತದೆ. ಶಿಕ್ಷಕರಿಗೆ ಮೊದಲ ವರ್ಷದಲ್ಲಾದರೂ ಅರ್ಥವಾಗಬೇಡ್ವಾ?

2022ರಲ್ಲಿ ಪಠ್ಯಪುಸ್ತಕ ಪರಿಷ್ಕರಣೆ ಬೀದಿ ಜಗಳವಾಯಿತು. 2023ರಲ್ಲಿ ಸರ್ಕಾರ ಬದಲಾಯಿತು, ಕೆಲವು ಪಾಠಗಳೂ ಬದಲಾದವು. ಟಿವಿಯಲ್ಲಿ ರಾಜಕಾರಣಿಗಳು, ಸಾಹಿತಿಗಳು, ಸ್ವಾಮೀಜಿಗಳು ಎಲ್ಲ ಮಾತಾಡಿದರು. ಅದನ್ನು ಜೂನ್‌ನಲ್ಲಿ ಕಲಿಸಬೇಕಾದವರನ್ನು ಕೇಳಿದವರು ಯಾರು? ಕೇಳಿದ್ದರೂ ನಮ್ಮಲ್ಲಿ ಎಷ್ಟು ಜನ ಮಾತಾಡುತ್ತಿದ್ದರು? ಯಾವ ಜ್ಞಾನ ಶಾಲೆಗೆ ಯೋಗ್ಯ, ಅದನ್ನು ಯಾರು ತೀರ್ಮಾನಿಸಬೇಕು ಎನ್ನುವ ಪ್ರಶ್ನೆಯನ್ನು ತರಬೇತಿಯಲ್ಲೇ ಒಮ್ಮೆ ಎದುರಿಸದವರು ಆಮೇಲೆ ಸುತ್ತೋಲೆಗೆ ಕಾಯುತ್ತಾರೆ.

ಈ ಪತ್ರಿಕೆಯನ್ನು ನೋಟ್ಸ್ ಬರೆಸಿ ಮುಗಿಸುತ್ತಾರೆ ಎಂಬ ದೂರು ಇದೆ. ಇರಬಹುದು. ನೋಟ್ಸ್ ಬರೆಸುವವರು ಗಣಿತವನ್ನೂ ಬರೆಸುತ್ತಾರೆ, ಅದಕ್ಕೆ ಯಾರೂ ಗಣಿತ ತೆಗೆಯಿರಿ ಅನ್ನಲ್ಲ. ತತ್ವ ಬೇಡ, ಬರೀ ಅಭ್ಯಾಸ ಸಾಕು ಅನ್ನುವವರಿಗೆ ನನ್ನದೊಂದು ಪ್ರಶ್ನೆ: ಯಾವುದನ್ನು ಅಭ್ಯಾಸ ಮಾಡಬೇಕು ಅಂತ ತೀರ್ಮಾನಿಸುವುದು ಹೇಗೆ? ಶಿಕ್ಷಣ ತಜ್ಞ ರಾಲ್ಫ್ ಟೈಲರ್ 1949ರಲ್ಲಿ ನಾಲ್ಕೇ ಪ್ರಶ್ನೆ ಕೇಳಿದ್ದು. ಏನು ಸಾಧಿಸಬೇಕು, ಅದಕ್ಕೆ ಎಂಥ ಅನುಭವ ಕೊಡಬೇಕು, ಅವನ್ನು ಹೇಗೆ ಜೋಡಿಸಬೇಕು, ಸಾಧಿಸಿದೆವಾ ಅಂತ ಹೇಗೆ ತಿಳಿಯಬೇಕು. ಪಾಠ ಯೋಜನೆಯ ಹಾಳೆಯ ಹಿಂದೆ ಬರೆದುಕೊಂಡು ಒಳಗೆ ಹೋಗಿ, ಸಾಕು. ಬೋರ್ಡಿನ ಮೇಲೆ ದುಂಡಗೆ ಬರೆಯುವುದನ್ನು ಕೆಲಸಕ್ಕೆ ಸೇರಿದ ಮೇಲೂ ಕಲಿಯಬಹುದು. ಈ ಪ್ರಶ್ನೆ ಕೇಳುವುದನ್ನು ಆಮೇಲೆ ಯಾರೂ ಕಲಿಸಲ್ಲ.

ವಿರೋಧ: ಮೊದಲು ತರಗತಿ, ಆಮೇಲೆ ಬಾಕಿ ಎಲ್ಲ

*ಬರೆದವರು: ಪ್ರೌಢಶಾಲೆಯ ಗಣಿತ ಶಿಕ್ಷಕ*

ವಿರೋಧ ಬರೆಯಲು ಯಾರೂ ಸಿಗುತ್ತಿಲ್ಲ, ನೀವೇ ಬರೆಯಿರಿ ಎಂದರು. ಸರಿ. ನನಗೆ ಪಠ್ಯಕ್ರಮದ ಮೇಲೆ ಸಿಟ್ಟೇನಿಲ್ಲ. ಸಮಯದ ಲೆಕ್ಕ ಮಾತ್ರ ಸರಿ ಕಾಣುತ್ತಿಲ್ಲ.

ಶಿಕ್ಷಕರ ತರಬೇತಿಯ 2014ರ ನಿಯಮದ ಪ್ರಕಾರ ಬಿ.ಎಡ್.ನವರು ಒಟ್ಟು 20 ವಾರ ಶಾಲೆಯಲ್ಲಿರಬೇಕು. ಮೊದಲ ವರ್ಷ 4, ಎರಡನೇ ವರ್ಷ 16. ಕಾಗದದಲ್ಲಿ ಚೆನ್ನಾಗಿದೆ. ಪ್ರತಿ ವರ್ಷ ನಮ್ಮ ಶಾಲೆಗೂ ಬರುತ್ತಾರೆ. ಬಂದವರಿಗೆ ಸಿಗುವುದು ರಜೆ ಹಾಕಿದ ಶಿಕ್ಷಕರ ಪೀರಿಯಡ್ಡು, ಕ್ರೀಡಾಕೂಟದ ಕೆಲಸ, ಅಂಕಪಟ್ಟಿ ತುಂಬುವುದು. ಉಳಿದ ಹೊತ್ತಿನಲ್ಲಿ ರೆಕಾರ್ಡ್ ಬರೆಯುತ್ತಾರೆ. ಬಣ್ಣದ ಪೆನ್ನು, ಅಂಚು ಪಟ್ಟಿ ಎಲ್ಲ ಹಾಕಿ. ಆಮೇಲೆ ಕಾಲೇಜಿಗೆ ಹೋಗಿ ಪಠ್ಯಕ್ರಮದ ವಿಧ ಎಷ್ಟು ಅಂತ ಪರೀಕ್ಷೆ ಬರೆಯುತ್ತಾರೆ. ಪಾಠ ಮಾಡಿದ್ದು ಯಾವಾಗ?

ಕಲಿಸುವ ಪುಸ್ತಕ ಬೆಂಗಳೂರಿನಲ್ಲಿ ತಯಾರಾಗಿ ಬರುತ್ತದೆ. ಯಾವ ತಿಂಗಳಲ್ಲಿ ಯಾವ ಪಾಠ ಅಂತ ವಾರ್ಷಿಕ ಹಂಚಿಕೆಯೂ ಬರುತ್ತದೆ. ಎಫ್‌ಎ, ಎಸ್‌ಎ ಪರೀಕ್ಷೆಗಳ ದಿನಾಂಕ ಬರುತ್ತದೆ. ಎಸ್‌ಎಸ್‌ಎಲ್‌ಸಿ ಫಲಿತಾಂಶ ಬಂದ ದಿನ ನಮ್ಮನ್ನು ಕೇಳುವುದು ಶೇಕಡಾವಾರು. ಪಠ್ಯಕ್ರಮವನ್ನು ಕಟ್ಟುವ ಅವಕಾಶ ನಮಗೆ ಎಲ್ಲಿದೆ? ಡ್ಯೂಯಿ ಹೆಸರು ಹೇಳಿದರೆ ಹಿಂದಿನ ಬೆಂಚು ಸುಮ್ಮನಾಗುತ್ತದೆ ಎಂದು ತರಬೇತಿ ಕಾಲೇಜಿನವರು ನಂಬಿದಂತಿದೆ. ಒಮ್ಮೆ ಊಟದ ನಂತರದ ಪೀರಿಯಡ್ಡಿಗೆ ಬಂದು ನೋಡಲಿ.

ಈಚೆಗೆ ಬಂದಿದ್ದ ಒಬ್ಬ ಹುಡುಗ ಬುದ್ಧಿವಂತ. ಅವನ ಪಾಠ ಯೋಜನೆಯಲ್ಲಿ ತೊಡಗಿಸುವಿಕೆ, ಅನ್ವೇಷಣೆ, ವಿವರಣೆ, ವಿಸ್ತರಣೆ, ಮೌಲ್ಯಮಾಪನ ಅಂತ ಐದೂ ಹಂತ ಅಚ್ಚುಕಟ್ಟಾಗಿದ್ದವು. ಎಂಟನೇ ತರಗತಿಗೆ ಬೀಜಗಣಿತ ಮಾಡುತ್ತಿದ್ದ. ಒಬ್ಬ ಹುಡುಗಿ ಎದ್ದು "ಸರ್, ಮೈನಸ್ ಇಂಟು ಮೈನಸ್ ಪ್ಲಸ್ ಯಾಕಾಗುತ್ತೆ?" ಎಂದಳು. "ಅದು ನಿಯಮ" ಎಂದ. "ಅದೇ, ಯಾಕೆ?" ಎಂದಳು. ಅವನು ಬೆವರಿದ.

ನಾನು ಹಿಂದೆ ಕೂತಿದ್ದೆ, ತಡೆಯಲಾಗಲಿಲ್ಲ. ಎದ್ದು ಹೋಗಿ ಬೋರ್ಡಿನಲ್ಲಿ ಬರೆದೆ. 3 × (−2) = −6. 2 × (−2) = −4. 1 × (−2) = −2. 0 × (−2) = 0. ಎಡಗಡೆ ಏನಾಗುತ್ತಿದೆ? ಒಂದೊಂದೇ ಕಡಿಮೆ. ಬಲಗಡೆ? ಎರಡೆರಡು ಜಾಸ್ತಿ. ಹಾಗಾದರೆ ಮುಂದಿನ ಸಾಲು? (−1) × (−2) ಅಂತ ಬರೆದು ಸುಮ್ಮನೆ ನಿಂತೆ. "ಎರಡು!" ಎಂದು ನಾಲ್ಕು ಕಡೆಯಿಂದ ಕೂಗು ಬಂತು. ಆ ಹುಡುಗಿ ಮಾತ್ರ ಕೂಗಲಿಲ್ಲ. "ಮಾದರಿ ಮುರಿಯಬಾರದು ಅಂತ ಹಾಗೆ ಇಟ್ಟುಕೊಂಡಿದ್ದಾರಾ ಸರ್?" ಎಂದಳು. ಎಂಥಾ ಪ್ರಶ್ನೆ ನೋಡಿ! ಗಣಿತದ ಒಳಗಿನ ಮಾತು ಅದು. ಬೀಜಗಣಿತ ಹಾಗೇ ಬಿಟ್ಟು, ವಿಭಾಜಕ ನಿಯಮ (ಆವರಣದ ಹೊರಗಿನ ಸಂಖ್ಯೆಯಿಂದ ಒಳಗಿನ ಪ್ರತಿಯೊಂದನ್ನೂ ಗುಣಿಸಿ ಕೂಡುವುದು) ಉಳಿಯಬೇಕಾದರೆ ಉತ್ತರ ಎರಡೇ ಆಗಬೇಕು ಅಂತ ತೋರಿಸಲು ಉಳಿದ ಅರ್ಧ ಗಂಟೆ ಕಳೆದೆ. (−1) × (2 + (−2)) ಸೊನ್ನೆ. ಬಿಡಿಸಿದರೆ −2 ಮತ್ತು (−1) × (−2). ಎರಡೂ ಕೂಡಿ ಸೊನ್ನೆ ಆಗಬೇಕು. ಮತ್ತೆ ಏನಾಗಬೇಕು ಅದು? ಗಂಟೆ ಹೊಡೆದದ್ದು ಯಾರಿಗೂ ಕೇಳಲಿಲ್ಲ.

ಈ ವಿದ್ಯೆ ಬರುವುದು ವಿಷಯದ ಹಿಡಿತದಿಂದ, ಮಕ್ಕಳ ಮುಂದೆ ನಿಂತು ನಿಂತು. ಹಳೇ ಬಿ.ಎಡ್.ನಲ್ಲಿ ಸೂಕ್ಷ್ಮ ಬೋಧನೆಯನ್ನು ಗಂಭೀರವಾಗಿ ಮಾಡಿಸುತ್ತಿದ್ದರು. 6 ನಿಮಿಷ ಪಾಠ, 6 ನಿಮಿಷ ಹಿಮ್ಮಾಹಿತಿ (ಫೀಡ್‌ಬ್ಯಾಕ್), 12 ನಿಮಿಷ ಮತ್ತೆ ಯೋಜನೆ, 6 ನಿಮಿಷ ಮರುಪಾಠ, 6 ನಿಮಿಷ ಮತ್ತೆ ಹಿಮ್ಮಾಹಿತಿ. 36 ನಿಮಿಷದಲ್ಲಿ ಒಂದೇ ಕೌಶಲ, ಪ್ರಶ್ನೆ ಕೇಳುವುದೋ ಬೋರ್ಡು ಬಳಸುವುದೋ. ನಗು ಬರುತ್ತಿತ್ತು, ಆದರೆ ಕೈ ಪಳಗುತ್ತಿತ್ತು. ಈಗ ಅದನ್ನು ಎರಡು ದಿನದಲ್ಲಿ ಶಾಸ್ತ್ರಕ್ಕೆ ಮುಗಿಸುತ್ತಾರೆ ಎಂದು ಬಂದವರೇ ಹೇಳುತ್ತಾರೆ. ಸಮಯ ಇಲ್ಲವಂತೆ.

ಗುಪ್ತ ಪಠ್ಯಕ್ರಮ, ಅದು ಇದು ಎಲ್ಲ ಇದೆ. ಇಲ್ಲ ಅನ್ನಲ್ಲ. ಒಳ್ಳೆಯ ಮನುಷ್ಯನಿಗೆ ಅದನ್ನು ಪತ್ರಿಕೆ ಮಾಡಿ ಕಲಿಸಬೇಕಾಗಿಲ್ಲ.

16 ವಾರ ಶಾಲೆಯಲ್ಲಿದ್ದು, ಪೆಟ್ಟು ತಿಂದು, ಪ್ರಶ್ನೆಗಳನ್ನು ಹೊತ್ತುಕೊಂಡು ಬಂದ ಮೇಲೆ ಈ ಪಾಠಗಳನ್ನು ಮಾಡಿದರೆ ನನ್ನ ತಕರಾರಿಲ್ಲ. ಆಗ ಅರ್ಧ ಗಾತ್ರ ಸಾಕು, ಪರೀಕ್ಷೆಯೂ ಬೇಡ. ಹೀಗೆ ಬರೆದರೆ ಅದು ಪೂರ್ತಿ ವಿರೋಧ ಆಗುವುದಿಲ್ಲ ಅಂತ ಗೊತ್ತು. ಬೇಕಿದ್ದರೆ ಈ ಪ್ಯಾರಾ ತೆಗೆಯಿರಿ.